ಹಿಟ್ಟಿನ ಕೋಳಿಯೂ ತೆರೆಯ ಮೇಲಣ ಜನರೂ

ಜನ್ನ ಕವಿಯ 'ಯಶೋಧರ ಚರಿತೆ'ಯನ್ನು ಬಲ್ಲವರಿಗೆ ಹಿಟ್ಟಿನ ಕೋಳಿಯ ಪ್ರಸಂಗವನ್ನು ವಿಸ್ತರಿಸಿ ಹೇಳಬೇಕಾಗಿಲ್ಲ. ಮಗನು ಕಂಡೆನೆಂದು ಹೇಳಿದ ದುಃಸ್ವಪ್ನಕ್ಕೆ ಶಾಂತಿಯಾಗಿ ಪ್ರಾಣಿಬಲಿ ಆಗಲೇಬೇಕೆಂದು ತಾಯಿ ಚಂದ್ರಮತಿ ಹಟ ಹಿಡಿಯುತ್ತಾಳೆ. ಜೀವವಧೆಗೆ ಮನಸ್ಸೊಪ್ಪದ ಯಶೋಧರನು ತಾಯಿಯ ಮಾತನ್ನೂ ಮೀರಲಾರದೆ, ಹಿಟ್ಟಿನಲ್ಲಿ ಮಾಡಿಸಿದ ಕೋಳಿಯನ್ನು ದೇವಿಯ ಮುಂದೆ ಕಡಿಯುತ್ತಾನೆ. ಹಿಟ್ಟಿಗೆ ಪ್ರಾಣವಿಲ್ಲ, ನೆತ್ತರಿಲ್ಲ, ನೋವಿಲ್ಲ. ಆದರೂ ಆ ಸಂಕಲ್ಪದ ಫಲವಾಗಿ ತಾಯಿಮಗ ಇಬ್ಬರೂ ನವಿಲು, ನಾಯಿ ಮೊದಲಾದ ತಿರ್ಯಗ್ಜನ್ಮಗಳಲ್ಲಿ ತೊಳಲಿದರೆಂದು 1209ರಲ್ಲಿ ರಚಿತವಾದ ಆ ಕಾವ್ಯವು ಸಾರುತ್ತದೆ.

ಅಲ್ಲಿ ಸತ್ತದ್ದು ಯಾರು ಎಂಬ ಪ್ರಶ್ನೆಗೆ ಉತ್ತರ ಸುಲಭ, ಯಾರೂ ಸಾಯಲಿಲ್ಲ. ಕೆಟ್ಟದ್ದು ಯಾರು ಎಂಬ ಪ್ರಶ್ನೆಗೆ ಉತ್ತರ ಕೊಡಲು ಜನ್ನನಿಗೆ ಒಂದು ಇಡೀ ಕಾವ್ಯವೇ ಬೇಕಾಯಿತು. ಎಂಟು ಶತಮಾನಗಳ ತರುವಾಯ ಈ ಎರಡು ಪ್ರಶ್ನೆಗಳನ್ನೂ ಗಣಕಯಂತ್ರದ ಆಟವೊಂದು ಬೇರೆ ವೇಷದಲ್ಲಿ ಮುಂದಿಟ್ಟಿದೆ. ಜೈನ ಕುಟುಂಬಗಳ ಮಕ್ಕಳೂ ಇಂತಹ ಆಟಗಳನ್ನಾಡುವ ಕಾಲದಲ್ಲಿ ಅದನ್ನು ಬರಿಯ ಕಾಲಹರಣವೆಂದು ತಳ್ಳಿಹಾಕದೆ, ಶ್ರಾವಕಾಚಾರದ ಒರೆಗಲ್ಲಿಗೆ ಹಚ್ಚಿ ನೋಡುವುದು ಉಚಿತವಾಗಿದೆ.

ಆಟದ ಲೋಕ

ಅಮೆರಿಕದ ಮೇರಿಲ್ಯಾಂಡ್ ರಾಜ್ಯದಲ್ಲಿರುವ ಬೆಥೆಸ್ಡಾ ಗೇಮ್ ಸ್ಟುಡಿಯೋಸ್ ಸಂಸ್ಥೆಯು 2011ರ ನವೆಂಬರ್ 11ರಂದು ಹೊರತಂದ 'ಸ್ಕೈರಿಮ್' ಎಂಬುದು 'ದಿ ಎಲ್ಡರ್ ಸ್ಕ್ರೋಲ್ಸ್' ಮಾಲಿಕೆಯ ಐದನೆಯ ಆಟ. ಇದನ್ನು ತೆರೆದ ಲೋಕದ ಆಟವೆನ್ನುತ್ತಾರೆ. ಹಿಮಾವೃತ ನಾಡೊಂದರಲ್ಲಿ ಆಟಗಾರನು ತನಗೆ ಬೇಕಾದ ದಿಕ್ಕಿಗೆ ನಡೆಯಬಹುದು, ಯಾವ ಊರನ್ನಾದರೂ ಹೊಗಬಹುದು. ಊರುಗಳಲ್ಲಿ ಕಮ್ಮಾರರು, ಅಂಗಡಿಕಾರರು, ರೈತರು, ಕಾವಲುಗಾರರು, ಮಕ್ಕಳು ಇದ್ದಾರೆ. ಕಮ್ಮಾರನು ಹಗಲು ಕುಲುಮೆಯ ಮುಂದೆ ನಿಲ್ಲುತ್ತಾನೆ, ಸಂಜೆ ಛತ್ರಕ್ಕೆ ಹೋಗಿ ಕೂರುತ್ತಾನೆ, ರಾತ್ರಿ ಮನೆಯಲ್ಲಿ ಮಲಗುತ್ತಾನೆ. ಇವರನ್ನು ನಡೆಸುವವರು ಮನುಷ್ಯರಲ್ಲ, ಮೊದಲೇ ಬರೆದಿಟ್ಟ ಆಜ್ಞೆಗಳು. ಆಟಗಾರರ ಭಾಷೆಯಲ್ಲಿ ಇಂತಹ ಪಾತ್ರಗಳಿಗೆ 'ಎನ್‌ಪಿಸಿ' ಎಂದು ಹೆಸರು.

2012ರ ಫೆಬ್ರವರಿಯಲ್ಲಿ ಸಂಸ್ಥೆಯು 'ಕ್ರಿಯೇಷನ್ ಕಿಟ್' ಎಂಬ ಸಾಧನವನ್ನು ಉಚಿತವಾಗಿ ಬಿಡುಗಡೆ ಮಾಡಿತು. ಅದರಿಂದ ಆಟಗಾರರೇ ಈ ಪಾತ್ರಗಳ ಸ್ವಭಾವ, ದಿನಚರಿ, ಮಾತು, ಆಯುಸ್ಸುಗಳನ್ನು ತಿದ್ದಿ, ತಿದ್ದಿದ್ದನ್ನು ಇತರರಿಗೆ ಹಂಚುವಂತಾಯಿತು. ಇಂತಹ ತಿದ್ದುಪಡಿಗೆ 'ಮಾಡ್' ಎನ್ನುತ್ತಾರೆ. ಪ್ರಸ್ತುತ ವಿಮರ್ಶೆಯ ವಸ್ತು ಮೂಲ ಆಟಕ್ಕಿಂತ ಹೆಚ್ಚಾಗಿ ಈ ತಿದ್ದುಪಡಿಗಳೇ. ಮೂಲ ಆಟವನ್ನು ಆಡುವವನು ಇನ್ನೊಬ್ಬರು ಹಾಕಿದ ಹಾದಿಯಲ್ಲಿ ನಡೆಯುತ್ತಾನೆ. ತಿದ್ದುವವನಾದರೋ ತನ್ನ ಮನಸ್ಸನ್ನೇ ತೆರೆಯ ಮೇಲೆ ಬರೆಯುತ್ತಾನೆ.

ಸ್ವಭಾವದ ಪಟ್ಟಿ

ಆ ಸಾಧನದಲ್ಲಿ ಪ್ರತಿಯೊಂದು ಪಾತ್ರಕ್ಕೂ ಖಾತೆಯಂತಹ ಒಂದು ಪುಟವುಂಟು. ಅದರಲ್ಲಿ ಆಕ್ರಮಣಶೀಲತೆಗೆ ನಾಲ್ಕು ದರ್ಜೆಗಳಿವೆ: ತಾನಾಗಿ ಜಗಳ ತೆಗೆಯದವನು, ವೈರಿಯನ್ನು ಕಂಡೊಡನೆ ಎರಗುವವನು, ವೈರಿಯಲ್ಲದ ಅಪರಿಚಿತನ ಮೇಲೂ ಎರಗುವವನು, ಯಾರನ್ನೂ ಬಿಡದ ಉನ್ಮತ್ತನು. ಧೈರ್ಯಕ್ಕೆ ಹೇಡಿತನದಿಂದ ಹುಚ್ಚುಸಾಹಸದವರೆಗೆ ಐದು ದರ್ಜೆಗಳು. ನೀತಿಗೂ ಒಂದು ಅಂಕಣವಿದ್ದು, ಎಂತಹ ಅಪರಾಧಕ್ಕೂ ಹಿಂಜರಿಯದವನಿಂದ ಯಾವ ಅಪರಾಧವನ್ನೂ ಮಾಡದವನವರೆಗೆ ನಾಲ್ಕು ಮೆಟ್ಟಿಲುಗಳಿವೆ.

ಕ್ರೋಧಾದಿ ಕಷಾಯಗಳನ್ನು ಅನಂತಾನುಬಂಧಿ, ಅಪ್ರತ್ಯಾಖ್ಯಾನಾವರಣ, ಪ್ರತ್ಯಾಖ್ಯಾನಾವರಣ, ಸಂಜ್ವಲನ ಎಂದು ನಾಲ್ಕು ತೀವ್ರತೆಗಳಲ್ಲಿ ವಿಂಗಡಿಸಿದ ಪರಂಪರೆಯವರಿಗೆ ಈ ಪಟ್ಟಿ ಕುತೂಹಲ ಹುಟ್ಟಿಸದಿರದು. ಆದರೆ ಹೋಲಿಕೆ ಹೊರಗಿನದು ಮಾತ್ರ. ಆಗಮದ ಕಷಾಯಗಳನ್ನು ಮಂದಗೊಳಿಸಬಲ್ಲವನು ಆ ಜೀವನೇ. ಬೇರೆ ಯಾವ ಕರ್ತೃವೂ ಅವನ ಪರವಾಗಿ ಆ ಕೆಲಸ ಮಾಡಲಾರನು. ತೆರೆಯ ಮೇಲಿನ ಕಮ್ಮಾರನ ಕೋಪವನ್ನು ತಗ್ಗಿಸುವವನು ಹೊರಗೆ ಕುಳಿತ ಮತ್ತೊಬ್ಬನು. ಕಮ್ಮಾರನಿಗೆ ಪಶ್ಚಾತ್ತಾಪವಿಲ್ಲ, ವ್ರತವಿಲ್ಲ, ಪುರುಷಾರ್ಥವಿಲ್ಲ. ಜೈನದರ್ಶನವು ಒಪ್ಪದ ಸೃಷ್ಟಿಕರ್ತನೊಬ್ಬನು ಈ ಆಟದಲ್ಲಿ ನಿಜವಾಗಿಯೂ ಇದ್ದಾನೆ. ಅಂತೆಯೇ ಅಲ್ಲಿ ಕರ್ಮವಿಲ್ಲ, ಮೋಕ್ಷವೂ ಇಲ್ಲ. ಆದುದರಿಂದ ಪಾತ್ರಕ್ಕೆ ಜೀವವಿದೆಯೇ ಎಂಬ ಚರ್ಚೆಯಲ್ಲಿ ಕಾಲ ಕಳೆಯಬೇಕಾಗಿಲ್ಲ. ಜೀವವಿರುವುದು ಪುಟವನ್ನು ತಿದ್ದುವ ಕೈಗೆ. ಪರೀಕ್ಷೆಗೆ ಒಳಪಡಬೇಕಾದುದೂ ಅದೇ.

ಯಾರಿಗೆ ರಕ್ಷೆ?

ಅದೇ ಪುಟದಲ್ಲಿ 'ಅತ್ಯಗತ್ಯ' ಎಂಬ ಅರ್ಥದ ಒಂದು ಚೌಕವಿದೆ. ಅದಕ್ಕೆ ಗುರುತು ಹಾಕಿದ ಪಾತ್ರವು ಎಷ್ಟು ಪೆಟ್ಟು ತಿಂದರೂ ಸಾಯದು. ಮೊಣಕಾಲೂರಿ ಕುಸಿದು, ಸ್ವಲ್ಪ ಹೊತ್ತಿನಲ್ಲಿ ಏಳುತ್ತದೆ. ಇನ್ನೊಂದು ಗುರುತಿನ ಪಾತ್ರಗಳನ್ನು ಇತರರಾರೂ ಕೊಲ್ಲಲಾರರು, ಆಟಗಾರನು ಮಾತ್ರ ಕೊಲ್ಲಬಲ್ಲನು. ಮಕ್ಕಳನ್ನು ಯಾರೂ ಕೊಲ್ಲಲಾಗದಂತೆ ಆಟವನ್ನು ರಚಿಸಲಾಗಿದೆ. ಮೇಲ್ನೋಟಕ್ಕೆ ಇದು ದಯೆಯಂತೆ ಕಾಣುತ್ತದೆ. ಮಕ್ಕಳ ವಿಷಯದಲ್ಲಿ ಹಾಗೆಂದು ಒಪ್ಪಬಹುದು. ಉಳಿದವರಿಗೆ ರಕ್ಷೆ ದೊರೆಯುವುದು ಬಹುಮಟ್ಟಿಗೆ ಕತೆಗೆ ಅವರು ಬೇಕಾಗಿರುವುದರಿಂದ. ಕತೆಯಲ್ಲಿ ಕೆಲಸವಿಲ್ಲದ ರೈತನು ಸತ್ತರೆ ಆಟಕ್ಕೆ ನಷ್ಟವಿಲ್ಲ. ಉಪಯೋಗವಿದ್ದವನಿಗೆ ಅಭಯ, ಇಲ್ಲದವನಿಗೆ ಅದೃಷ್ಟ ಎಂಬ ಈ ನೀತಿಗೆ ವ್ಯಾಪಾರದಲ್ಲಿ ಬೇರೆ ಹೆಸರುಗಳಿರಬಹುದು. ದಯೆ ಎಂಬ ಹೆಸರು ಸಲ್ಲದು.

ಕೋಳಿಯ ಪ್ರಸಂಗ ಇಲ್ಲಿಯೂ ಬರುತ್ತದೆ. ಆರಂಭದಲ್ಲಿ ಎದುರಾಗುವ ರಿವರ್‌ವುಡ್ ಎಂಬ ಹಳ್ಳಿಯಲ್ಲಿ ಒಂದು ಕೋಳಿಯನ್ನು ಕೊಂದರೆ ಊರಿಗೆ ಊರೇ ಆಯುಧ ಹಿಡಿದು ಆಟಗಾರನ ಮೇಲೆ ಬೀಳುತ್ತದೆ. ಇದು ಆಟಗಾರರ ನಡುವೆ ನಗೆಮಾತಾಗಿದೆ. ಕಾಡಿನ ಜಿಂಕೆಯನ್ನು ಕೊಂದರೆ ಅದೇ ಜನ ತಿರುಗಿಯೂ ನೋಡುವುದಿಲ್ಲ. ಕೋಳಿ ಊರವರ ಸೊತ್ತು, ಜಿಂಕೆಗೆ ಒಡೆಯನಿಲ್ಲ. ಅವರ ರೋಷ ಹುಟ್ಟುವುದು ಒಡೆತನದಿಂದಲೇ ಹೊರತು ಪ್ರಾಣದಿಂದಲ್ಲ. ನರಹತ್ಯೆಗೂ ದಂಡವಿದೆ, 1000 ನಾಣ್ಯ, ಹಲ್ಲೆಗೆ 40. ಕಾವಲುಗಾರನಿಗೆ ಹಣ ತೆತ್ತೊಡನೆ ಲೆಕ್ಕ ಚುಕ್ತಾ. ಅಪರಾಧವನ್ನು ಕಂಡ ಸಾಕ್ಷಿಗಳೆಲ್ಲರನ್ನೂ ಕೊಂದುಬಿಟ್ಟರೆ ಆ ದಂಡವೂ ರದ್ದಾಗುತ್ತದೆ. ಸ್ನೇಹದಿಂದಿದ್ದ ಊರವನು ಸತ್ತರೆ ಅವನು ಬಿಟ್ಟುಹೋದ ಹಣವನ್ನು ಅಂಚೆಯಾಳು ಆಟಗಾರನಿಗೆ ತಂದುಕೊಡುವುದೂ ಉಂಟು. ಹೀಗೆ ಅಲ್ಲಿ ಸಾವಿನ ಲೆಕ್ಕವೆಲ್ಲ ನಾಣ್ಯದಲ್ಲಿ ಆರಂಭವಾಗಿ ನಾಣ್ಯದಲ್ಲಿ ಮುಗಿಯುತ್ತದೆ. ಸಾಕ್ಷಿಯಿರಲಿ ಇಲ್ಲದಿರಲಿ, ಕಟ್ಟಿದ ಕರ್ಮವು ಉದಯಕ್ಕೆ ಬಂದೇ ತೀರುತ್ತದೆಂದು ಪಾಠಶಾಲೆಯಲ್ಲಿ ಕಲಿತ ಬಾಲಕನಿಗೆ ಈ ಲೆಕ್ಕಪದ್ಧತಿಯ ದೋಷವನ್ನು ಹಿರಿಯರು ಎತ್ತಿ ತೋರಿಸಲೇಬೇಕು.

ಮನೆ ಸೇರಿದ ಊರ ಜನ

ಈ ದೋಷಗಳನ್ನು ಮೊದಲು ಗಮನಿಸಿದವರಲ್ಲಿ ಆಟಗಾರರೂ ಇದ್ದರೆಂಬುದನ್ನು ಮೆಚ್ಚಿ ಹೇಳಬೇಕು. ಆಟದಲ್ಲಿ ಡ್ರ್ಯಾಗನ್ ಎಂಬ ರೆಕ್ಕೆಯ ಘಟಸರ್ಪಗಳು ಊರಿನ ಮೇಲೆರಗಿ ಬೆಂಕಿಯುಗುಳುತ್ತವೆ. ಆಗ ಬಾಗಿಲು ಮುಚ್ಚಿ ಒಳಗಿರಬೇಕಾದ ಅಂಗಡಿಕಾರರು ಕಿರುಗತ್ತಿ ಹಿಡಿದು ಬೀದಿಗೆ ಓಡಿಬಂದು ಸುಟ್ಟು ಸಾಯುತ್ತಿದ್ದರು. ಧೈರ್ಯದ ಅಂಕಣದಲ್ಲಿ ಹಾಗೆ ಬರೆದಿತ್ತು, ಅಷ್ಟೆ. 2012ರಲ್ಲಿ ಬಂದ 'ಡಾನ್‌ಗಾರ್ಡ್' ಎಂಬ ಸೇರ್ಪಡೆಯಿಂದ ರಕ್ತಪಿಶಾಚಿಗಳ ದಾಳಿಯೂ ಸೇರಿಕೊಂಡು ಊರುಗಳು ಮತ್ತಷ್ಟು ಬರಿದಾದವು. ಆಗ ಎರಡು ಮಾಡ್‌ಗಳು ರಚಿತವಾದವು. 'ರನ್ ಫಾರ್ ಯುವರ್ ಲೈವ್ಸ್' ಎಂಬುದು ಡ್ರ್ಯಾಗನ್ ಬಂದಾಗ ಸಾಮಾನ್ಯ ಜನರೆಲ್ಲ ಓಡಿ ಮನೆಯೊಳಗೆ ಸೇರುವಂತೆ ಮಾಡಿತು. 'ವೆನ್ ವ್ಯಾಂಪೈರ್ಸ್ ಅಟ್ಯಾಕ್' ಎಂಬುದು ರಕ್ತಪಿಶಾಚಿಗಳ ದಾಳಿಯಲ್ಲಿಯೂ ಅದನ್ನೇ ಸಾಧಿಸಿತು. ಕಾದಾಡುವ ಹೊಣೆ ಕಾವಲುಗಾರರದಾಗಿ ಉಳಿಯಿತು.

ಈ ತಿದ್ದುಪಡಿ ಜನರನ್ನು ಅಮರರನ್ನಾಗಿ ಮಾಡಲಿಲ್ಲ. 'ಅತ್ಯಗತ್ಯ' ಎಂಬ ಗುರುತು ಹಾಕಿ ಎಲ್ಲರನ್ನೂ ಉಳಿಸುವ ಸುಲಭದ ದಾರಿಯನ್ನು ಹಿಡಿಯಲಿಲ್ಲ. ಬದುಕಬೇಕೆಂಬ ಸಹಜ ಇಚ್ಛೆಯನ್ನು ಅವರಿಗೆ ಕೊಟ್ಟಿತು. ಎಲ್ಲ ಜೀವಿಗಳೂ ಬದುಕಬಯಸುತ್ತವೆ, ಯಾವುದೂ ಸಾವನ್ನು ಬಯಸದೆಂಬುದು ಅಹಿಂಸೆಯ ತಳಹದಿ. ಆ ತಳಹದಿಯನ್ನು ಮೂಲ ಆಟ ಮರೆತಿತ್ತು, ತಿದ್ದಿದವನು ನೆನೆದನು. ಇದರಿಂದ ಅಭಯದಾನದ ಪುಣ್ಯ ಬಂತೆನ್ನಲಾಗದು, ಏಕೆಂದರೆ ಅಭಯ ಪಡೆಯಲು ಅಲ್ಲಿ ಜೀವವೇ ಇಲ್ಲ. ಆದರೆ ಕತೆಗೆ ಬೇಡವಾದ ರೈತನ ಸಾವನ್ನೂ ಸಹಿಸದ ಮನಸ್ಸು ಶುಭಪರಿಣಾಮದ್ದೆಂಬುದರಲ್ಲಿ ಸಂದೇಹವಿಲ್ಲ.

ರಕ್ಷೆಯನ್ನು ಕಳಚಿದವರು

ಅದೇ ಸಾಧನದಿಂದ ವಿರುದ್ಧವಾದ ಕೆಲಸವೂ ನಡೆದಿದೆ. ಮಕ್ಕಳಿಗಿದ್ದ ರಕ್ಷೆಯನ್ನು ಕಳಚಿ ಅವರನ್ನೂ ಕೊಲ್ಲಬಹುದಾದಂತೆ ಮಾಡುವ ಮಾಡ್‌ಗಳು ಬಂದವು. ಅವುಗಳ ಪರವಾಗಿ ಎರಡು ವಾದಗಳಿವೆ. ಮೊದಲನೆಯದು, ಯಾರೂ ಸಾಯದಿರುವಲ್ಲಿ ಹಿಂಸೆಯೆಲ್ಲಿ ಎಂಬುದು. ಎರಡನೆಯದು, ಡ್ರ್ಯಾಗನ್ನಿನ ಬೆಂಕಿ ಮಕ್ಕಳನ್ನಷ್ಟೇ ಬಿಡುವುದು ಸಹಜವಲ್ಲವೆಂಬುದು.

ಎರಡನೆಯ ವಾದಕ್ಕೆ ಉತ್ತರ ಬೇಗ ದೊರೆಯುತ್ತದೆ. ಸಹಜತೆಯೇ ಗುರಿಯಾಗಿದ್ದರೆ ಸಾವಿನ ಜೊತೆಗೆ ತಾಯಿಯ ಅಳಲು, ಊರಿನ ಶೋಕ, ಕೊಂದವನ ನಿದ್ರೆಗೆಟ್ಟ ರಾತ್ರಿಗಳೂ ಬರಬೇಕಿತ್ತು. ಸಾವನ್ನು ಮಾತ್ರ ಸೇರಿಸಿ ದುಃಖವನ್ನು ಬಿಟ್ಟ ಸಹಜತೆ ಅರ್ಧ ತೂಕದ ಸರಕು.

ಮೊದಲನೆಯ ವಾದವನ್ನು ನಿಧಾನವಾಗಿ ತೂಗಬೇಕು. ತೆರೆಯ ಮೇಲಿನ ಹತ್ಯೆಯನ್ನು ನಿಜವಾದ ಹತ್ಯೆಗೆ ಸಮವೆನ್ನುವುದು ಅತಿರೇಕ. ಯಶೋಧರನು ಹಿಟ್ಟಿನ ಕೋಳಿಯನ್ನು ಕಡಿದದ್ದು ದೇವತೆ ಅದನ್ನು ನಿಜವಾದ ಬಲಿಯಾಗಿ ಸ್ವೀಕರಿಸಲೆಂಬ ಸಂಕಲ್ಪದಿಂದ. ಆಟಗಾರನಿಗೆ ಅಂತಹ ಭ್ರಮೆಯಿಲ್ಲ. ದ್ರವ್ಯಹಿಂಸೆ ಇಲ್ಲಿ ಸಂಭವಿಸುವುದಿಲ್ಲ. ಉಳಿಯುವುದು ಭಾವಹಿಂಸೆ. ಎರಗಿಬಂದ ಡ್ರ್ಯಾಗನ್ನಿಗೆ ಎದುರು ನಿಲ್ಲುವಾಗ ಆಟಗಾರನ ಮನಸ್ಸಿನಲ್ಲಿರುವುದು ರಕ್ಷಣೆಯ ಭಾವವೆನ್ನೋಣ; ಅದು ವಿರೋಧೀ ಹಿಂಸೆಯ ಛಾಯೆ. ಆದರೆ ಮೂಲ ಆಟ ಮುಚ್ಚಿಟ್ಟ ಬಾಗಿಲನ್ನು ಹುಡುಕಿ, ಒಡೆದು, ಮಗುವಿನೆಡೆಗೆ ಕತ್ತಿ ಬೀಸಲು ಅವಕಾಶ ಮಾಡಿಕೊಳ್ಳುವುದರಲ್ಲಿ ರಕ್ಷಣೆಯ ಸೋಂಕೂ ಇಲ್ಲ. ಅದು ಸಂಕಲ್ಪಪೂರ್ವಕ. ತೆರೆಯ ಮೇಲೆ ಏನೂ ಆಗದಿದ್ದರೂ ಆ ಸಂಕಲ್ಪವನ್ನು ಮಾಡಿದ ಆತ್ಮನಲ್ಲಿ ಆಗಬೇಕಾದುದು ಆಗಿಹೋಗಿರುತ್ತದೆ.

ಸಮಂತಭದ್ರಾಚಾರ್ಯರ 'ರತ್ನಕರಂಡಕ ಶ್ರಾವಕಾಚಾರ'ವು ಅನರ್ಥದಂಡದ ಐದು ಬಗೆಗಳನ್ನು ಹೇಳುತ್ತದೆ: ಪಾಪೋಪದೇಶ, ಹಿಂಸಾದಾನ, ಅಪಧ್ಯಾನ, ದುಃಶ್ರುತಿ, ಪ್ರಮಾದಚರ್ಯೆ. ಪ್ರಯೋಜನವಿಲ್ಲದೆ ಪಾಪವನ್ನು ಕಟ್ಟಿಕೊಳ್ಳುವ ದಾರಿಗಳಿವು. ಕೊಲ್ಲುವ ಅವಕಾಶವನ್ನು ರಚಿಸಿ ಸಾವಿರಾರು ಮನೆಗಳಿಗೆ ಹಂಚುವವನ ಕೆಲಸವು ಆಯುಧಗಳನ್ನು ಕೈಗೆ ಕೊಡುವ ಹಿಂಸಾದಾನಕ್ಕೆ ಸಮೀಪದ್ದು. ಅದನ್ನು ಸವಿಯುತ್ತ ಕುಳಿತವನದು ಅಪಧ್ಯಾನ. ಕೃತ, ಕಾರಿತ, ಅನುಮತಗಳೆಂಬ ಮೂರು ದ್ವಾರಗಳನ್ನೂ ಇಲ್ಲಿ ಕಾಣಬಹುದು: ಆಡಿದವನು, ಆಡಲು ಅನುವು ಮಾಡಿದವನು, ಪಕ್ಕದಲ್ಲಿ ಕುಳಿತು ನಕ್ಕವನು. ಮಕ್ಕಳ ಕೋಣೆಯಲ್ಲಿ ಏನು ನಡೆಯುತ್ತಿದೆಯೆಂದು ತಿಳಿದೂ ಸುಮ್ಮನಿರುವ ಹಿರಿಯರು ಮೂರನೆಯ ದ್ವಾರವನ್ನು ಮರೆಯಬಾರದು.

ಹಿಂಸೆಯನ್ನು ತೊರೆದ ಡ್ರ್ಯಾಗನ್

ಈ ಆಟದ ತಿದ್ದುಪಡಿಗಳಲ್ಲಿ ಅತ್ಯಂತ ವಿಚಾರಾರ್ಹವಾದುದು ಒಂದು ವೃದ್ಧ ಡ್ರ್ಯಾಗನ್ನಿಗೆ ಸಂಬಂಧಿಸಿದೆ. ಪಾರ್ಥುರ್ನಾಕ್ಸ್ ಎಂಬ ಅದು ಒಂದು ಕಾಲದಲ್ಲಿ ಕ್ರೂರನಾದ ಆಲ್ಡುಯಿನ್‌ನ ಬಲಗೈಯಾಗಿ ಮನುಷ್ಯರನ್ನು ಪೀಡಿಸಿತ್ತು. ಬಳಿಕ ಮನಸ್ಸು ತಿರುಗಿ ಮನುಷ್ಯರ ಪಕ್ಷ ವಹಿಸಿತು. ಆಟದ ಕಾಲಕ್ಕೆ ಅದು ನಾಡಿನ ಅತ್ಯುನ್ನತ ಶಿಖರದ ಮೇಲೆ ಏಕಾಂತದಲ್ಲಿ ಧ್ಯಾನಮಗ್ನವಾಗಿದೆ. ಕೆಳಗಿನ ಮಠದಲ್ಲಿರುವ ಮಿತಭಾಷಿಗಳಾದ ಗ್ರೇಬಿಯರ್ಡ್ಸ್ ಸಾಧಕರಿಗೆ ಅದೇ ಗುರು. ಕ್ರೌರ್ಯ ತನ್ನ ಹುಟ್ಟುಗುಣವೆಂದೂ ಅದು ಪ್ರತಿದಿನವೂ ತನ್ನನ್ನು ಸೆಳೆಯುವುದೆಂದೂ ಅದು ಮರೆಮಾಚದೆ ಒಪ್ಪಿಕೊಳ್ಳುತ್ತದೆ.

ಬ್ಲೇಡ್ಸ್ ಎಂಬ ಡ್ರ್ಯಾಗನ್‌ಬೇಟೆಗಾರರ ಪಂಗಡವು ಹಳೆಯ ಅಪರಾಧಗಳಿಗಾಗಿ ಅದನ್ನು ಕೊಲ್ಲಬೇಕೆಂದು ಆಟಗಾರನಿಗೆ ಆಜ್ಞಾಪಿಸುತ್ತದೆ. ಕೊಂದರೆ ಗ್ರೇಬಿಯರ್ಡ್ಸ್ ವಿಮುಖರಾಗುತ್ತಾರೆ; ಕೊಲ್ಲದಿದ್ದರೆ ಬ್ಲೇಡ್ಸ್ ನೆರವು ನಿಲ್ಲುತ್ತದೆ. ಮೂಲ ಆಟದಲ್ಲಿ ಕೊಲ್ಲುವ ಆಜ್ಞೆಯನ್ನು ಪಾಲಿಸದೆ ಬಿಡಬಹುದಿತ್ತು, ಆದರೆ ಅದನ್ನು ಅಂತಿಮವಾಗಿ ನಿರಾಕರಿಸುವ ಮಾತೇ ಇರಲಿಲ್ಲ. ಮಾಡಬೇಕಾದ ಕೆಲಸಗಳ ಪಟ್ಟಿಯಲ್ಲಿ ಆ ಕೊಲೆ ಬಾಕಿಯಾಗಿ ಕೊನೆಯವರೆಗೂ ಉಳಿಯುತ್ತಿತ್ತು. 'ದಿ ಪಾರ್ಥುರ್ನಾಕ್ಸ್ ಡೈಲೆಮಾ' ಎಂಬ ಮಾಡ್ ಆ ಕೊರತೆಯನ್ನು ತುಂಬಿತು: ತಾನು ಕೊಲ್ಲುವುದಿಲ್ಲವೆಂದು ಬ್ಲೇಡ್ಸ್ ಎದುರಿಗೇ ಹೇಳಿ, ಅವರ ಸಂಬಂಧವನ್ನೂ ಉಳಿಸಿಕೊಳ್ಳುವ ದಾರಿಯನ್ನು ತೆರೆಯಿತು.

ಮಹಾವೀರ ತೀರ್ಥಂಕರರ ಪೂರ್ವಭವಗಳಲ್ಲಿ ಒಂದು ಸಿಂಹದ ಭವವೆಂಬುದನ್ನು ಶ್ರಾವಕರು ಬಲ್ಲರು. ಚಾರಣ ಮುನಿಗಳ ಉಪದೇಶದಿಂದ ಆ ಸಿಂಹಕ್ಕೆ ಅರಿವು ಮೂಡಿತು. ಬೇಟೆಯನ್ನು ತೊರೆದು ವ್ರತಸ್ಥವಾಯಿತು. ಅದರ ಹಳೆಯ ಬೇಟೆಗಳ ಲೆಕ್ಕವನ್ನು ಮುಂದಿಟ್ಟು, ವ್ರತದಲ್ಲಿರುವ ಸಿಂಹವನ್ನು ಕೊಲ್ಲಬೇಕೆಂದು ಯಾರಾದರೂ ವಾದಿಸಿದ್ದರೆ, ನಾಶವಾಗುತ್ತಿದ್ದುದು ಸಿಂಹವೊಂದೇ ಅಲ್ಲ. ಮಾಡಿದ ಪಾಪಕ್ಕೆ ಫಲ ತಪ್ಪದೆಂಬುದು ಕರ್ಮಸಿದ್ಧಾಂತ. ಆ ಫಲವನ್ನು ಕೊಡುವ ಅಧಿಕಾರ ಕತ್ತಿ ಹಿಡಿದವನಿಗೆ ಇದೆಯೆಂದು ಅದು ಎಲ್ಲಿಯೂ ಹೇಳುವುದಿಲ್ಲ. ಈ ಸೂಕ್ಷ್ಮವನ್ನು ಬೇರೊಂದು ದೇಶದ, ಬೇರೊಂದು ಸಂಸ್ಕಾರದ ಆಟಗಾರರು ತಾವಾಗಿ ಕಂಡುಕೊಂಡು, ನಿರಾಕರಣೆಯ ಒಂದು ಮಾತಿಗಾಗಿ ಶ್ರಮಿಸಿದರೆಂಬುದು ಸಂತೋಷದ ಸಂಗತಿ. ಆದರೂ ಒಂದು ಮಾತು ಉಳಿಯುತ್ತದೆ. ಪಾರ್ಥುರ್ನಾಕ್ಸ್‌ನನ್ನು ಬಿಡುವ ಅದೇ ಆಟಗಾರನು ಇತರ ಡ್ರ್ಯಾಗನ್ನುಗಳನ್ನು ಕೊಂದು ಅವುಗಳ ಆತ್ಮಶಕ್ತಿಯನ್ನು ಹೀರಿ ಬಲವಂತನಾಗುತ್ತಲೇ ಇರುತ್ತಾನೆ. ನೀರನ್ನು ಸೋಸಿ ಕುಡಿದು ತಕ್ಕಡಿಯಲ್ಲಿ ಮೋಸ ಮಾಡುವ ವ್ಯಾಪಾರಿಯ ನೆನಪು ಬಾರದಿರದು. ಸೋಸಿ ಕುಡಿದದ್ದು ತಪ್ಪಲ್ಲ, ತಕ್ಕಡಿಯೂ ಸರಿಯಾಗಬೇಕು.

ಕೊಡದ ಧ್ವನಿ

ಇದುವರೆಗಿನ ಚರ್ಚೆಯಲ್ಲಿ ಪಾತ್ರಗಳ ಹಿಂದೆ ಜೀವವಿಲ್ಲವೆಂದು ಹೇಳಲಾಯಿತು. ಒಂದು ವಿಷಯದಲ್ಲಿ ಆ ಮಾತು ನಿಲ್ಲದು. ಪಾತ್ರದ ಧ್ವನಿ ಜೀವಂತ ಕಲಾವಿದನೊಬ್ಬನದು. 'ಇಂಟರೆಸ್ಟಿಂಗ್ ಎನ್‌ಪಿಸೀಸ್' ಎಂಬ ಮಾಡ್ ಹೊಸ ಪಾತ್ರಗಳನ್ನು ಸೇರಿಸಿದಾಗ ಸ್ವಯಂಸೇವಕರು ತಮ್ಮ ಧ್ವನಿಯನ್ನು ತಾವೇ ನೀಡಿದರು, ಅದು ದಾನ. ಈಚೆಗೆ ಕೃತಕ ಬುದ್ಧಿಮತ್ತೆಯಿಂದ ಧ್ವನಿಯನ್ನು ಅನುಕರಿಸುವುದು ಸುಲಭವಾಗಿದೆ. ಆಟಗಾರನು ಬಾಯಿಬಿಟ್ಟು ಕೇಳಿದ ಪ್ರಶ್ನೆಗೆ ಪಾತ್ರವು ಆಗಲೇ ಉತ್ತರ ಹೊಸೆದು ಹೇಳುವ 'ಮಾಂಟೆಲ್ಲಾ'ದಂತಹ ಮಾಡ್ 2023ರಲ್ಲಿ ಬಂದಿತು. ಅದೇ ವರ್ಷ, ತಮ್ಮ ಧ್ವನಿಯನ್ನು ಯಂತ್ರದಿಂದ ನಕಲು ಮಾಡಿ ಅಶ್ಲೀಲ ಮಾಡ್‌ಗಳಲ್ಲಿ ಬಳಸಿದ್ದನ್ನು ಧ್ವನಿಕಲಾವಿದರು ಬಹಿರಂಗವಾಗಿ ಖಂಡಿಸಿದರು.

ಇಲ್ಲಿ ನೊಂದದ್ದು ಹಿಟ್ಟಿನ ಕೋಳಿಯಲ್ಲ. ಕೊಡದುದನ್ನು ತೆಗೆದುಕೊಳ್ಳುವುದೇ ಚೌರ್ಯವೆಂದು ಹೇಳುವ ಅದತ್ತಾದಾನದ ಲಕ್ಷಣಕ್ಕೆ ಇದಕ್ಕಿಂತ ಸ್ಪಷ್ಟವಾದ ಹೊಸ ಉದಾಹರಣೆ ಸಿಗುವುದು ಕಷ್ಟ. ಹಣ ಕಳವಾದರೆ ಮರಳಿ ಗಳಿಸಬಹುದು. ತಾನಾಡದ ಕೊಳಕು ಮಾತು ತನ್ನ ಧ್ವನಿಯಲ್ಲಿ ಊರೂರು ತಿರುಗಿದರೆ ಅದನ್ನು ಮರಳಿ ಪಡೆಯುವ ಬಗೆಯಿಲ್ಲ. ಮಕ್ಕಳ ಹತ್ಯೆಯ ಮಾಡ್‌ನಲ್ಲಿ ಕೆಡುವವನು ಆಡುವವನು; ಇದರಲ್ಲಿ ಆಡುವವನೂ ಕೆಡುತ್ತಾನೆ, ಹೊರಗಿನ ಒಂದು ಜೀವವೂ ನೋಯುತ್ತದೆ. ತಿದ್ದುಪಡಿಗಳಲ್ಲೆಲ್ಲ ಇದನ್ನೇ ಅತ್ಯಂತ ಹೇಯವೆಂದು ಎಣಿಸಬೇಕು.

ಉಪಸಂಹಾರ

ಒಟ್ಟಿನಲ್ಲಿ 'ಕ್ರಿಯೇಷನ್ ಕಿಟ್' ಎಂಬ ಒಂದೇ ಸಾಧನದಿಂದ ಒಬ್ಬನು ಊರ ಜನರನ್ನು ಮನೆ ಸೇರಿಸಿದನು, ಇನ್ನೊಬ್ಬನು ಮಕ್ಕಳ ರಕ್ಷೆಯನ್ನು ಕಳಚಿದನು, ಮತ್ತೊಬ್ಬನು ಕೊಲ್ಲೆನೆಂಬ ಮಾತಿಗೆ ಎಡೆ ಮಾಡಿಕೊಟ್ಟನು. ಆದುದರಿಂದ ಆಟವನ್ನು ಸಗಟಾಗಿ ಹಳಿಯುವುದೂ ಸಗಟಾಗಿ ಕ್ಷಮಿಸುವುದೂ ವಿವೇಕವಲ್ಲ. ಮನೆಯಲ್ಲಿ ಮಗನೋ ಮೊಮ್ಮಗಳೋ ಇಂತಹ ಆಟವಾಡುತ್ತಿದ್ದರೆ ಎಷ್ಟು ಹೊತ್ತು ಆಡಿದೆ ಎಂಬ ಪ್ರಶ್ನೆಯ ಜೊತೆಗೆ, ನಿನಗೆ ತಿದ್ದುವ ಅಧಿಕಾರ ಸಿಕ್ಕಿದರೆ ಏನನ್ನು ತಿದ್ದುವೆ ಎಂದೂ ಕೇಳಬೇಕು. ಉತ್ತರವನ್ನು ಗದರಿಸದೆ ಕೇಳಿಸಿಕೊಳ್ಳಬೇಕು. ಬಸದಿಗಳ ಆಡಳಿತ ಮಂಡಳಿಗಳು ನಡೆಸುವ ಪಾಠಶಾಲೆಗಳಲ್ಲಿ ಹಿಟ್ಟಿನ ಕೋಳಿಯ ಕತೆಯನ್ನು ಹೇಳುವ ದಿನ ರಿವರ್‌ವುಡ್‌ನ ಕೋಳಿಯನ್ನೂ, ಸಿಂಹದ ಭವವನ್ನು ಹೇಳುವ ದಿನ ಪಾರ್ಥುರ್ನಾಕ್ಸ್‌ನನ್ನೂ ಪ್ರಸ್ತಾಪಿಸಿದರೆ ಮಕ್ಕಳು ಕಿವಿಗೊಟ್ಟಾರು. ಅಣುವ್ರತಗಳು ಹಳೆಯ ಪುಸ್ತಕದ ಮಾತಲ್ಲ, ತಮ್ಮ ಬೆರಳ ತುದಿಯ ಮಾತೆಂದು ಅರಿತಾರು.

ತೆರೆಯ ಮೇಲಿನ ಕಮ್ಮಾರನು ತನ್ನ ಪುಟವನ್ನು ತಾನು ಓದಲಾರನು, ತಿದ್ದಲಾರನು. ಆಟ ನಿಲ್ಲಿಸಿ ಎದ್ದು, ಸಂಜೆ ಪ್ರತಿಕ್ರಮಣಕ್ಕೆ ಕೂರುವ ಬಾಲಕನಿಗೆ ಅವೆರಡೂ ಸಾಧ್ಯ. ಆ ದಿನ ಆಡಿದ ಆಟವನ್ನೂ ಅವನು ಅಲ್ಲಿ ನೆನೆಯುವಂತಾದರೆ ಹಿರಿಯರ ಕರ್ತವ್ಯ ನೆರವೇರಿದಂತೆ.